ದೈತ್ಯೆಯ ಅಳತೆ

ಒದ್ದೆ ಹೊದಿಕೆಯನ್ನು ಹಗ್ಗಕ್ಕೆ ಹರವಲು ಅವಳು ಎರಡೂ ಕೈ ಎತ್ತಿದ್ದಳು. ಮಗಳು ಹಿಂದಿನಿಂದ ಬಂದು ಸೊಂಟ ತಬ್ಬಿಕೊಂಡಳು.

"ಅಮ್ಮಾ, ಒಂದು ಕೇಳ್ಲಾ?"

"ಆಮೇಲೆ ಪುಟ್ಟಿ. ಬಿಡು, ಮೈಮೇಲೆ ನೀರು ಸೋರ್ತಿದೆ."

ಪುಟ್ಟಿ ಮುಷ್ಟಿ ಬೆನ್ನ ಹಿಂದಿಟ್ಟುಕೊಂಡು ಒಳಗೆ ಓಡಿದಳು. ಸ್ವಲ್ಪ ಹೊತ್ತಿಗೆ ಗಂಡ ಚೀಟಿ ಹಿಡಿದು ಬಂದ. "ಸೊಂಟದಲ್ಲಿ ಎರಡಿಂಚು ಸಡಿಲ ಬಿಡಬೇಕಂತೆ ಅವರಿಗೆ."

"ಮತ್ತೆಯಾ? ಮೂರನೇ ಸಲ ಕಣ್ರೀ ಇದು!"

ಅರ್ಧ ಬಟ್ಟೆ ಬಕೆಟ್ಟಿನಲ್ಲೇ ಉಳಿಯಿತು.

ಹೊಲಿಗೆ ಯಂತ್ರದ ಮೇಲಿದ್ದದ್ದು ದೈತ್ಯೆಯ ಉಡುಪು. ಹಳೆಯ ಅದ್ಭುತಕಥೆಗಳ ಪತ್ರಿಕೆಗಳ ಮುಖಪುಟದಲ್ಲಿ ಊರಿನ ಮೇಲೆ ಕಾಲೂರಿ ನಿಲ್ಲುತ್ತಿದ್ದಳಲ್ಲ, ಮಹಡಿ ಮನೆ ಮೊಣಕಾಲಿಗೆ, ವಿಮಾನ ಕಿವಿಯ ಹತ್ತಿರ, ಅವಳದ್ದು. ಅಂಥ ಚಿತ್ರಗಳ ಅಭಿಮಾನಿಗಳು ವರ್ಷಕ್ಕೊಮ್ಮೆ ಸೇರಿ, ರಟ್ಟಿನ ಊರು ಕಟ್ಟಿ, ನಡುವೆ ದೈತ್ಯೆಯ ವೇಷದಲ್ಲಿ ಒಬ್ಬ ಹೆಂಗಸನ್ನು ನಿಲ್ಲಿಸುತ್ತಾರೆ. ಗಂಡ ಆ ಕೂಟದ ಕಾರ್ಯದರ್ಶಿ. ಆರು ವರ್ಷದಿಂದ ಹೊಲಿಗೆ ಇವಳದೇ. ಈ ಸಲದ ದೈತ್ಯೆ ಯಾರೋ ಇವಳಿಗೆ ಗೊತ್ತಿಲ್ಲ; ಗಂಡ ತರುವ ಚೀಟಿಯಲ್ಲಿ ಅಳತೆ ಮಾತ್ರ. ಹುಡುಗಿಯಾಗಿದ್ದಾಗ ಬೀರುವಿನ ಬಾಗಿಲ ತುಂಬ ಆ ಮುಖಪುಟಗಳನ್ನೇ ಅಂಟಿಸಿಕೊಂಡಿದ್ದವಳು ಕೂಟವನ್ನು ಒಮ್ಮೆಯೂ ನೋಡಿರಲಿಲ್ಲ. ಪ್ರತಿ ಸಲ ಕೊನೇ ಗಳಿಗೆಗೆ ಯಾರದೋ ಹೊಲಿಗೆ ಬಂದು ಕೂರುತ್ತಿತ್ತು. ಈ ಸಲ ಬಂದೇ ಬರುತ್ತೇನೆಂದು ಪುಟ್ಟಿಗೆ ಮಾತು ಕೊಟ್ಟಿದ್ದಳು. ಮೂರು ಗಂಟೆಗೆ ಶುರು. ಆಗಲೇ ಹನ್ನೊಂದಾಗಿತ್ತು.

"ಒಂದು ಸಲ ಬಂದು ಹಾಕಿ ನೋಡೋಕೆ ಏನು ಧಾಡಿ ಅವಳಿಗೆ?"

"ಬಿಡುವಿಲ್ಲದ ಹೆಂಗಸು, ಪಾಪ," ಎಂದ ಗಂಡ, ಕಿಟಕಿಯಾಚೆ ನೋಡುತ್ತ.

"ನನಗಿದೆಯಾ ಬಿಡುವು?" ಹಾಕಿದ ಹೊಲಿಗೆಯನ್ನು ಪರಪರ ಬಿಚ್ಚಿದಳು. "ಅಳತೆ ನೋಡ್ರೀ! ಬಲಹೆಗಲು ಒಂದಿಂಚು ಇಳಿದಿದೆ. ಬೆನ್ನು ಬಾಗಿದೆ. ಇವಳು ದೈತ್ಯೆಯಂತೆ! ಕನ್ನಡಿ ಇಲ್ವಾ ಇವಳ ಮನೇಲಿ?"

ಪುಟ್ಟಿ ಕಿಸಕ್ಕನೆ ನಕ್ಕು ಬಾಯಿ ಮುಚ್ಚಿಕೊಂಡಳು. "ಅಮ್ಮಾ, ಒಂದು..."

"ಆಮೇಲೆ ಅಂದ್ನಲ್ಲ!"

ಮಗುವಿನ ಮುಖ ಸಣ್ಣದಾಯಿತು. ಅದನ್ನು ಕಂಡು ಅವಳ ಕೈಯೂ ನಿಧಾನವಾಯಿತು. ದಿನವಿಡೀ ಬಗ್ಗಿ ದುಡಿಯುವವಳೇ ಇರಬೇಕು, ಯಾರೋ ಏನೋ. ಬೈದದ್ದು ಅತಿಯಾಯಿತೇನೋ. ಯಾರೂ ಕೇಳದಿದ್ದರೂ ಬಲಹೆಗಲಿನೊಳಗೆ ಹತ್ತಿಯ ಸಣ್ಣ ಮೆತ್ತೆ ಇಟ್ಟು ಹೊಲಿದಳು. ಬಡಪಾಯಿ ಒಂದು ದಿನವಾದರೂ ನೆಟ್ಟಗೆ ಕಾಣಲಿ.

ಎರಡು ಗಂಟೆಗೆ ದಾರ ಕಡಿದಳು. "ತೊಗೊಂಡು ಹೋಗಿ. ತಲೆಗೆ ಬಾಚಣಿಗೆ ಕೂಡ ತಾಕಿಸಿಲ್ಲ ನಾನು. ಆ ಮಹಾರಾಣಿಗೆ ಹೇಳಿಬಿಡಿ, ಇದೇ ಕೊನೆ."

ಗಂಡ ಅಲುಗಲಿಲ್ಲ. ಮಗಳನ್ನು ಮೆಲ್ಲಗೆ ಮುಂದಕ್ಕೆ ತಳ್ಳಿದ. "ಈಗಲಾದ್ರೂ ಕೇಳೇ."

"ಅಮ್ಮಾ, ಅದು ನಿಂದೇ ಅಳತೆ. ನಾನೂ ಅಪ್ಪನೂ ಕದ್ದು ತೊಗೊಂಡಿದ್ದು... ಇವತ್ತು ನಮ್ಮ ದೈತ್ಯೆ ನೀನೇ ಆಗ್ತೀಯಾ?"