ಮೂರು ಪ್ರಿಂಟ್

ಯಾರದೋ ಬೆತ್ತಲೆ ಮೈಗೆ ತನ್ನ ಮುಖ ಅಂಟಿಸಿದ ಆ ಫೋಟೋವನ್ನು ಅವಳು ಗಂಡನಿಗೂ ತೋರಿಸಿರಲಿಲ್ಲ. ಸೈಬರ್ ಠಾಣೆಯ ಪೇದೆಗೆ ತೋರಿಸಬೇಕಾಯಿತು.

"ಮೊಬೈಲಲ್ಲಿದ್ರೆ ಸಾಲದು ಮೇಡಂ. ಕಂಪ್ಲೇಂಟ್ ಜೊತೆ ಮೂರು ಪ್ರಿಂಟ್ ಇಡಬೇಕು," ಎಂದು ಅವನು ಎದುರಿನ ಜೆರಾಕ್ಸ್ ಅಂಗಡಿಯತ್ತ ಕೈ ಮಾಡಿದ.

ಅಂಗಡಿಯ ವಯಸ್ಸಾದ ಯಜಮಾನರು ಅವಳ ಮುಖ ನೋಡಿದವರೇ ಏನನ್ನೂ ಕೇಳಲಿಲ್ಲ. ಉಳಿದ ಗಿರಾಕಿಗಳನ್ನು ಸಾಗಹಾಕಿ, ಕೂರಲು ಸ್ಟೂಲ್ ಕೊಟ್ಟು, ಕಂಪ್ಯೂಟರನ್ನು ರಸ್ತೆಗೆ ಕಾಣದಂತೆ ತಿರುಗಿಸಿಕೊಂಡರು. ಬೆಳಗಿನಿಂದ ತಡೆದಿದ್ದ ಅಳು ಅವಳಿಗೆ ಆಗ ಬಂತು.

"ಅಂಕಲ್, ಒಂದು ಫೋಟೋ ಇದೆ. ಪ್ರಿಂಟ್ ಆದ್ಮೇಲೆ ಡಿಲೀಟ್ ಮಾಡ್ತೀರಲ್ಲ? ನಿಮ್ಮ ವಾಟ್ಸಾಪ್ ನಂಬರ್ ಹೇಳಿ, ಕಳಿಸ್ತೀನಿ."

"ಕಳಿಸೋದು ಬೇಡಮ್ಮ," ಎಂದರು ಅವರು, ಕಂಪ್ಯೂಟರಿನಿಂದ ಕಣ್ಣು ಕೀಳದೆ. "ನಮ್ಮ ವಾಕಿಂಗ್ ಗ್ರೂಪಿಗೆ ಮೊನ್ನೆಯೇ ಬಂತು."