ಪ್ಲೈವುಡ್ಡಿನ ಆಸ್ಪತ್ರೆ

ಹೊಸ ಡಿಸ್ಟೆಂಪರಿನ ವಾಸನೆ ಬಂದರೆ ಇವತ್ತಿಗೂ ನನಗೆ ಹಳ್ಳಿಮೈಸೂರಿನ ಆ ಮಧ್ಯಾಹ್ನ ನೆನಪಾಗುತ್ತದೆ. ಅಪ್ಪ ಸಿನಿಮಾಗಳಿಗೆ ಸೆಟ್ ಹಾಕುವ ಕಲಾ ನಿರ್ದೇಶಕರಾಗಿದ್ದರು. ಊರಾಚೆಯ ಬಯಲಿನಲ್ಲಿ ಪ್ಲೈವುಡ್ಡಿನ ಆಸ್ಪತ್ರೆಯೊಂದನ್ನು ಕಟ್ಟಿ, ಗೋಡೆಗೆ ಬಣ್ಣ ಬಳಿಯುತ್ತಿದ್ದರು. ಆಗ ಒಬ್ಬ ಹೆಂಗಸು ಜ್ವರದ ಮಗುವನ್ನು ಸೆರಗಿನಲ್ಲಿ ಸುತ್ತಿಕೊಂಡು ಬಂದಳು.

"ಒಸ ಆಸ್ಪತ್ರೆ ಆಗೈತೆ ಅಂದ್ರು, ನಡ್ಕಂಡೇ ಬಂದ್ಬುಟ್ಟೆ. ಡಾಕ್ಟ್ರು ಎಲ್ಲವ್ರೆ ಸಾ?"

"ಇದು ಸಿನಿಮಾದ್ದು ಕಣವ್ವ," ಎಂದರು ಅಪ್ಪ.

ಅವಳು ನಂಬದೆ ಗೋಡೆಯನ್ನು ಮುಟ್ಟಿದಳು. ಅದು ಅಲುಗಾಡಿತು.

ಅಪ್ಪ ಬಣ್ಣದ ಕೈಯಲ್ಲೇ ಅವರನ್ನು ಶೂಟಿಂಗಿನ ಜೀಪಿಗೆ ಹತ್ತಿಸಿಕೊಂಡು ಹೊಳೆನರಸೀಪುರಕ್ಕೆ ಹೋದರು. ಮಗು ಬದುಕಿತು.

ಮುಂದೆ ಅಪ್ಪ ಅರಮನೆ, ಜೈಲು, ರೈಲ್ವೆ ಸ್ಟೇಷನ್ನು ಎಲ್ಲವನ್ನೂ ಕಟ್ಟಿದರು. ಆಸ್ಪತ್ರೆಯ ದೃಶ್ಯ ಬಂದಾಗ ಮಾತ್ರ, "ನಿಜವಾದ್ದೇ ಎಲ್ಲಾದ್ರೂ ಹುಡುಕಿ," ಎನ್ನುತ್ತಿದ್ದರು.