ಬೈಗುಳದ ಪಾಲುದಾರರು

ತೋಳುಗಳನ್ನು ಜೋಡಿಸಿ ಕೋಟನ್ನು ಗೊಂಬೆಗೆ ತೊಡಿಸಿದ ಮೇಲೆಯೇ ದರ್ಜಿಗೆ ಗೊತ್ತಾದದ್ದು, ಎರಡೂ ಎಡಗೈಯ ತೋಳುಗಳೆಂದು. ತೋಳಿನ ಕಾಗದದ ಅಚ್ಚನ್ನು ಮಗುಚಿ ಹಾಕುವುದನ್ನು ಮರೆತು ಒಂದೇ ಬಗೆಯಲ್ಲಿ ಎರಡು ಸಲ ಇಟ್ಟು ಕತ್ತರಿಸಿಬಿಟ್ಟಿದ್ದ. ಬಟ್ಟೆಗೋ ಒಂದೇ ಮೈ, ಒಳಹೊರಗು ಮಾಡಿ ಹೊಲಿಯುವಂತಿಲ್ಲ. ಮಿಕ್ಕಿದ ತುಂಡೆಲ್ಲ ಜೇಬಾಗಿ ಹೋಗಿತ್ತು. ಕೋಟು ಪಕ್ಕದ ಬೀದಿಯ ಶಾಲೆಯ ದೊಡ್ಡ ಟೀಚರ್ ಅವರದು. ನಾಳೆ ಅವರ ಶಾಲೆಗೆ ತಪಾಸಣೆ. ಸಂಜೆ ಬಂದು ಒಯ್ಯುತ್ತೇನೆಂದಿದ್ದರು. ಸಂಜೆ ಆಗಲೇ ಬಂದಿತ್ತು, ಅವರು ಬರುವುದೊಂದು ಬಾಕಿ.

ದರ್ಜಿಗೆ ಬೈಗುಳ ಆಗಿಬರುತ್ತಿರಲಿಲ್ಲ. ಯಾರಾದರೂ ಒಂದು ಗಡುಸು ಮಾತಾಡಿದರೆ ಕೈ ನಡುಗಿ, ಆಮೇಲೆ ದಿನವಿಡೀ ಸೂಜಿಯ ಕಣ್ಣು ಒಂದು ಕಡೆ, ದಾರ ಇನ್ನೊಂದು ಕಡೆ. ಅದಕ್ಕೇ ಅವನು ಒಪ್ಪಂದಕ್ಕೆ ಸೇರಿದ್ದು. ಒಂದೇ ತಗಡಿನ ಸೂರಿನಡಿ ಹಲಗೆ ಅಡ್ಡಗಟ್ಟಿದ ಮೂರು ಅಂಗಡಿ: ನಡುವೆ ಇವನದು, ಆಚೆ ಕ್ಷೌರಿಕನದು, ಈಚೆ ವಾಚ್ ರಿಪೇರಿಯವನದು. ಒಪ್ಪಂದ ವಾಚಿನವನ ತಲೆಯಿಂದ ಹೊರಟದ್ದು. ಹತ್ತು ಜನರ ಕಡ್ಡಿ ಒಬ್ಬನ ಹೊರೆಯಾಗುವುದಾದರೆ, ಒಬ್ಬನ ಹೊರೆ ಹತ್ತು ಜನರ ಕಡ್ಡಿ ಯಾಕಾಗಬಾರದು ಎಂಬುದು ಅವನ ವಾದ. ಮಳೆ ಒಂದೇ ಮನೆಯ ಮೇಲೆ ಸುರಿದರೆ ಮನೆ ಬೀಳುತ್ತದೆ, ಊರ ಮೇಲೆಲ್ಲ ಸುರಿದರೆ ಬೆಳೆ ಬರುತ್ತದೆ ಎಂದೂ ಹೇಳಿದ್ದ. ಹಾಗಾಗಿ ಯಾರ ಅಂಗಡಿಗೆ ಗಿರಾಕಿ ಜಗಳಕ್ಕೆ ಬಂದರೂ ಅವನು ಹಲಗೆ ಬಡಿಯಬೇಕು, ಮಿಕ್ಕಿಬ್ಬರು ಓಡಿಬಂದು ಅವನ ಪಕ್ಕದಲ್ಲಿ ನಿಲ್ಲಬೇಕು. ಬೈಗುಳ ಮೂರು ಪಾಲು. ಬರದೆ ತಪ್ಪಿಸಿಕೊಂಡವನು ಒಪ್ಪಂದದಿಂದ ಹೊರಗೆ.

ಮೊದಲು ಎಲ್ಲ ಸೊಗಸಾಗಿತ್ತು. ಬರಬರುತ್ತ ಕ್ಷೌರಿಕನ ಕತ್ತರಿಗೆ ಧೈರ್ಯ ಬಂತು. ಕಿವಿಯ ಮೇಲಿನ ಕೂದಲನ್ನು ಅವನು ರೇಡಿಯೋ ಕಡೆ ನೋಡುತ್ತಲೇ ಕತ್ತರಿಸತೊಡಗಿದ. ವಾಚಿನವನು ರಿಪೇರಿ ಮುಗಿದ ಮೇಲೆ ಮಿಕ್ಕ ಬಿಡಿಭಾಗಗಳನ್ನು ಡಬ್ಬಿಗೆ ಹಾಕಿ, ಇಲ್ಲದೆಯೂ ಓಡುತ್ತಲ್ಲ ಎನ್ನುವ ಮಟ್ಟಕ್ಕೆ ಬಂದ. ಒಬ್ಬನೇ ಇದ್ದಾಗ ಅಪರೂಪಕ್ಕೆ ಬೈಸಿಕೊಳ್ಳುತ್ತಿದ್ದ ದರ್ಜಿ ಈಗ ಬೋಳಾದ ತಲೆಗಳಿಗಾಗಿ, ನಿಂತ ಗಡಿಯಾರಗಳಿಗಾಗಿ ದಿನಾ ಬೈಸಿಕೊಳ್ಳುತ್ತಿದ್ದ. ಬಿಟ್ಟುಬಿಡೋಣವೆಂದು ಯೋಚಿಸುತ್ತಿದ್ದಾಗಲೇ ಈ ಕೋಟು. ಅದರ ಸಂಗತಿಯನ್ನು ಆಗಲೇ ಹಲಗೆಯಾಚೆಯ ಇಬ್ಬರಿಗೂ ಕೂಗಿ ಹೇಳಿದ್ದ. ಇವತ್ತೊಂದು ದಿನ ಆ ಇಬ್ಬರು ಪಕ್ಕದಲ್ಲಿ ನಿಂತರೆ ಸಾಕು, ನಾಳೆ ದೇವರಿದ್ದಾನೆ.

ಅಷ್ಟರಲ್ಲಿ ವಾಚಿನವನ ಕಡೆಯಿಂದ ಹಲಗೆ ಸದ್ದಾಯಿತು. ದರ್ಜಿ ಇಣುಕಿ ನೋಡಿದ. ಅಲ್ಲಿ ಸೊಂಟಕ್ಕೆ ಗೋಡೆ ಗಡಿಯಾರ ಅವುಚಿಕೊಂಡು ನಿಂತಿದ್ದವಳು ದರ್ಜಿಯ ಹೆಂಡತಿಯೇ.

ಕ್ಷೌರಿಕ ಆಗಲೇ ಒಬ್ಬನ ಮುಖದ ಮೇಲೆ ಸೋಪಿನ ನೊರೆ ಬಿಟ್ಟು ಬಂದು ನಿಂತಿದ್ದ. ವಾಚಿನವನು ದರ್ಜಿಯ ಕಡೆ ನೋಡಿದ. ಆ ನೋಟದ ಅರ್ಥ ಸ್ಪಷ್ಟವಿತ್ತು: ಈಗ ಬರದಿದ್ದರೆ ಟೀಚರ್ ಬಂದಾಗ ನೀನುಂಟು, ಅವರುಂಟು. ದರ್ಜಿ ಹೋಗಿ ಸಾಲಿನ ಕೊನೆಗೆ ನಿಂತ.

"ರೀ, ನೀವ್ಯಾಕ್ರೀ ಇಲ್ಲಿ?"

"ನಾನೂ ಪಾಲುದಾರ ಕಣೇ," ಎಂದ ದರ್ಜಿ ನೆಲ ನೋಡುತ್ತ.

"ಸರಿ ಹಾಗಾದ್ರೆ. ನೀವೇ ಹೇಳಿ, ಇದರ ಮುಳ್ಳು ಯಾಕೆ ಹಿಂದಕ್ಕೆ ಓಡುತ್ತೆ? ಬೆಳಿಗ್ಗೆ ಎದ್ದು ನೋಡಿದ್ರೆ ನಿನ್ನೆ ಸಾಯಂಕಾಲ ಆಗಿರುತ್ತೆ. ಹೀಗೇ ಬಿಟ್ರೆ ನನ್ನ ಮದುವೆ ದಿನಕ್ಕೆ ಹೋಗಿ ಮುಟ್ಟುತ್ತೆ. ಆಗ ನಾನು ಬೇರೆ ಯೋಚನೆ ಮಾಡಬೇಕಾಗುತ್ತೆ, ಈಗಲೇ ಹೇಳಿದೀನಿ."

ಕ್ಷೌರಿಕ ನಕ್ಕು, ನಕ್ಕದ್ದಕ್ಕೆ ಬೇರೆಯಾಗಿ ಬೈಸಿಕೊಂಡ. ಅವಳು ಇನ್ನೂ ದಮ್ಮು ಕಟ್ಟಿ ಮುಂದುವರಿಯುವುದರಲ್ಲಿದ್ದಳು. ಆಗ ದೊಡ್ಡ ಟೀಚರ್ ದರ್ಜಿಯ ಅಂಗಡಿಗೆ ಬಂದರು, ಎಲ್ಲರೂ ಅತ್ತ ಓಡಿದರು.

ಗೊಂಬೆಯ ಮೇಲಿದ್ದ ಕೋಟನ್ನು ಅವರೇ ತೆಗೆದು ತೊಟ್ಟರು. ಎಡಗೈ ಸಲೀಸಾಗಿ ಹೋಯಿತು. ಬಲಗೈ ಹೋಯಿತೇ ಹೊರತು ಬಾಗಬೇಕಾದ ಕಡೆ ಬಾಗದೆ, ಬೆನ್ನ ಹಿಂದೆ ಯಾರಿಗೋ ದಾರಿ ತೋರಿಸುವಂತೆ ನಿಂತುಬಿಟ್ಟಿತು. ಯಾರು ಹೊಲಿದದ್ದು ಎಂದು ಅವರು ಕೇಳಿದರು. ನಾವು ಎಂದು ಮೂವರೂ ಒಟ್ಟಿಗೆ ಹೇಳಿದರು. ಒಪ್ಪಂದದಂತೆಯೇ ಎಲ್ಲ ನಡೆದಿತ್ತು.

ಆದರೆ ತಪ್ಪಿತಸ್ಥರನ್ನು ಸಾಲು ನಿಲ್ಲಿಸಿಯೇ ಜೀವಮಾನ ಕಳೆದವರು ಅವರು. ಬೈಗುಳವನ್ನು ಹಣ್ಣಿನಂತೆ ಹೋಳು ಮಾಡಲಿಲ್ಲ. ದೀಪದಿಂದ ದೀಪ ಹಚ್ಚುವಂತೆ ಒಬ್ಬೊಬ್ಬರ ಮುಂದೆಯೂ ನಿಂತು, ಮೊದಲಿನಿಂದ ಶುರುಮಾಡಿ, ಪೂರ್ತಿ ಕೊಟ್ಟರು. ಮೊದಲ ಸರದಿ ಮುಗಿದದ್ದೇ ಕ್ಷೌರಿಕ ನೊರೆ ಒಣಗುತ್ತಿದೆಯೆಂದು ನೆನಪಿಸಿಕೊಂಡು ಓಡಿದ. ಎರಡನೆಯದು ಮುಗಿದಾಗ ವಾಚಿನವನು ಕುರ್ಚಿ ಹುಡುಕಿ ಕುಳಿತ, ಮಳೆ-ಬೆಳೆಯ ಮಾತು ಅವನ ಬಾಯಿಂದ ಹೊರಡಲಿಲ್ಲ. ದರ್ಜಿ ಒಬ್ಬನೇ ಉಳಿದ. ಎರಡೂ ಕೈ ಆಗಲೇ ನಡುಗುತ್ತಿದ್ದವು, ನಿಲ್ಲಿಸಲು ಒಂದನ್ನೊಂದು ಹಿಡಿದುಕೊಂಡಿದ್ದ.

ಅವನ ಹೆಂಡತಿ ಅದನ್ನು ನೋಡಿದಳು. ಗಡಿಯಾರವನ್ನು ಬೆಂಚಿನ ಮೇಲಿಟ್ಟು, ಬಂದು ಗಂಡನ ಪಕ್ಕದಲ್ಲಿ, ಭುಜಕ್ಕೆ ಭುಜ ತಾಗುವಂತೆ ನಿಂತಳು. ನೀವ್ಯಾರು ಎಂಬಂತೆ ಟೀಚರ್ ಹುಬ್ಬೇರಿಸಿದರು.

"ನಂದೂ ಪಾಲಿದೆ ಟೀಚರ್. ಸ್ವಲ್ಪ ಬೇಗ ಬೈದು ಮುಗಿಸಿಬಿಡಿ. ಮನೆಗೆ ಹೋಗಿ ಇವರಿಗೆ ನಾನು ಬೈಯೋದಿದೆ."